ಮಗ್ಗದ ದಾರ, ಎರಡರ ಮಗ್ಗಿ: ಹತ್ತು ಮೊಳೆಯ ಹಲಗೆ ಮಾಡಿದ್ದು

ನನ್ನ ಮೂರನೇ ತರಗತಿಯ ಮಕ್ಕಳಿಗೆ ಮಗ್ಗಿ ಬರುವುದಿಲ್ಲ ಅಂದರೆ ಸುಳ್ಳಾದೀತು. ಬರುತ್ತದೆ. ಎರಡೊಂದ್ಲಿ ಎರಡು, ಎರಡೆರಡ್ಲಿ ನಾಲ್ಕು ಅಂತ ಶುರು ಮಾಡಿದರೆ ಇಪ್ಪತ್ತು ಬರುವ ತನಕ ಉಸಿರು ಬಿಡುವುದಿಲ್ಲ. ಆದರೆ ನಡುವೆ ತಡೆದು "ಎಂಟಾರ್ಲಿ ಎಷ್ಟು?" ಅಂದರೆ ಮುಗಿಯಿತು. ಮತ್ತೆ ಎಂಟೊಂದ್ಲಿಯಿಂದಲೇ ಹೊರಡಬೇಕು. ಚಿಕ್ಕವಳಿದ್ದಾಗ ನಾನೂ ಹಾಗೇ ಇದ್ದೆ, ಅದಕ್ಕೇ ಬೈಯಲು ಬಾಯಿ ಬರುವುದಿಲ್ಲ.

ನಮ್ಮ ಶಾಲೆ ಇಳಕಲ್ಲಿನ ಅಂಚಿನಲ್ಲಿದೆ. ಅರ್ಧ ಮಕ್ಕಳ ಮನೆಯಲ್ಲಿ ಮಗ್ಗ ಇದೆ, ಇಲ್ಲವೇ ಒಂದು ಕಾಲದಲ್ಲಿ ಇತ್ತು. ಒಂದು ದಿನ "ಮಗ್ಗಿ ಹೇಳು" ಅಂದೆ. ಹಿಂದೆ ಕೂತ ಹುಡುಗಿ "ಮಗ್ಗದ್ದು ಹೇಳ್ಲೇನ್ರಿ ಅಕ್ಕೋರ?" ಅಂದಳು. ಎಲ್ಲರೂ ಬಿದ್ದು ಬಿದ್ದು ನಕ್ಕರು. ನಾನೂ ನಕ್ಕೆ. ಮನೆಗೆ ಹೋಗುವ ದಾರಿಯಲ್ಲಿ ಮಾತ್ರ ಆ ಮಾತು ತಲೆಯಲ್ಲೇ ಉಳಿಯಿತು. ಮಗ್ಗದ ದಾರದಲ್ಲೇ ಮಗ್ಗಿ ಹಾಕಿಸಿದರೆ ಹೇಗೆ?

ದುಂಡಗೆ ಹತ್ತು ಮೊಳೆ ಹೊಡೆದು ದಾರ ಸುತ್ತುವ ಆಟ ಹೊಸದೇನಲ್ಲ, ಬೇರೆ ಬೇರೆ ಕಡೆ ಟೀಚರುಗಳು ಮಾಡಿದ್ದಾರೆ. ಮೊಳೆಗಳಿಗೆ 0ಯಿಂದ 9ರ ತನಕ ನಂಬರು. ಮಗ್ಗಿ ಹೇಳುತ್ತಾ ಹೋಗುವುದು, ಪ್ರತಿ ಉತ್ತರದ ಬಿಡಿ ಸ್ಥಾನದ ಅಂಕಿ ಯಾವುದೋ ಆ ಮೊಳೆಗೆ ದಾರ ಎಳೆಯುವುದು. 12 ಬಂದರೆ 2ರ ಮೊಳೆ. 28 ಬಂದರೆ 8ರ ಮೊಳೆ. ಅಷ್ಟೇ. ನಾನು ಅದನ್ನು ಎಂದೂ ಕೈಯಿಂದ ಮಾಡಿರಲಿಲ್ಲ. ಒಂದು ಭಾನುವಾರದ ಕೆಲಸ ಅಂದುಕೊಂಡಿದ್ದೆ, ಎರಡು ವಾರ ಹಿಡಿಯಿತು.

ಬಡಿಗೇರ ಅಂಗಡಿಯಲ್ಲಿ ಉಳಿದ 12 ಮಿಲಿಮೀಟರಿನ ಪ್ಲೈವುಡ್ ತುಂಡು ಸಿಕ್ಕಿತು. 40 ಸೆಂಟಿಮೀಟರಿನ ಚೌಕ. ದುಡ್ಡು ತೆಗೆದುಕೊಳ್ಳಲಿಲ್ಲ. ಅದರ ಮೇಲೆ ಕೈವಾರದಿಂದ 15 ಸೆಂಟಿಮೀಟರ್ ತ್ರಿಜ್ಯದ ವೃತ್ತ ಎಳೆದೆ. ಇಲ್ಲಿಯ ತನಕ ಸರಿ ಇತ್ತು.

ಇನ್ನು ಹತ್ತು ಭಾಗ ಮಾಡಬೇಕಲ್ಲ. ಸುತ್ತಳತೆ ಲೆಕ್ಕ ಹಾಕಿದೆ, 94.2 ಬಂತು. ಹತ್ತರಿಂದ ಭಾಗಿಸಿದೆ, 9.4. ಕೈವಾರವನ್ನು 9.4ಕ್ಕೆ ತೆರೆದು, ಒಂದು ಗುರುತಿನಿಂದ ಇನ್ನೊಂದಕ್ಕೆ ಹಾರಿಸುತ್ತಾ ಬಂದೆ. ಹತ್ತನೇ ಗುರುತು ಹಾಕಿ ಮೊದಲನೆಯದರ ಕಡೆ ನೋಡಿದರೆ ನಡುವೆ ಉಳಿದದ್ದು 8.1 ಸೆಂಟಿಮೀಟರ್ ಮಾತ್ರ. ಒಂದು ಸೆಂಟಿಮೀಟರಿಗೂ ಜಾಸ್ತಿ ಎಲ್ಲಿ ಹೋಯಿತು? ಪೆನ್ಸಿಲ್ ದಪ್ಪ ಇರಬೇಕು ಅಂದುಕೊಂಡು ಅಳಿಸಿ ಮತ್ತೆ ಹಾಕಿದೆ. ಮತ್ತೆ ಅದೇ 8.1. ಎಂಟು ವರ್ಷದಿಂದ ಗಣಿತ ಕಲಿಸುತ್ತಿರುವ ನನಗೆ ಹೊಳೆಯಲು ಒಂದು ಕಪ್ ಚಹಾ ಬೇಕಾಯಿತು. 9.4 ಅನ್ನುವುದು ಗೆರೆ ಬಾಗಿದ ಹಾಗೆ ಅಳೆದ ಅಳತೆ. ಕೈವಾರ ಬಾಗುವುದಿಲ್ಲ, ಅದು ನೆಟ್ಟಗೆ ಅಳೆಯುತ್ತದೆ. ನೆಟ್ಟಗೆ ಅಳೆದರೆ ಬೇಕಾದದ್ದು 9.27. ಒಂದೊಂದು ಹೆಜ್ಜೆಗೂ ಸ್ವಲ್ಪ ಸ್ವಲ್ಪ ಜಾಸ್ತಿ ಹೋಗಿ, ಎಲ್ಲ ತಪ್ಪೂ ಕೊನೆಯ ಜಾಗಕ್ಕೆ ಬಂದು ಕೂತಿತ್ತು.

ಮರುದಿನ ಬಡಿಗೇರ ಕಾಕಾನ ಮುಂದೆ ಹಲಗೆ ಇಟ್ಟೆ. ಅವರು ಲೆಕ್ಕ ಕೇಳಲೇ ಇಲ್ಲ. "ಅಕ್ಕೋರ, ಹತ್ತು ಗುರುತು ಯಾಕ ಹಾಕ್ತೀರಿ? ನಡುವಿಂದ ಐದು ಗೆರಿ ಎಳೀರಿ. ಆ ಕಡಿ ಈ ಕಡಿ ಸೇರಿ ಹತ್ತ ಆಗ್ತಾವ" ಅಂದರು. ಗಾಡಿ ಗಾಲಿ ಮಾಡಿದ ಕೈ ಅದು. ಕೋನಮಾಪಕ ಇಟ್ಟು 0, 36, 72, 108, 144 ಡಿಗ್ರಿಗೆ ಗುರುತು ಮಾಡಿ, ಪ್ರತಿ ಗೆರೆಯನ್ನೂ ನಡುವಿನ ಚುಕ್ಕೆ ದಾಟಿಸಿ ಆಚೆ ತನಕ ಎಳೆದೆ. ಐದು ನಿಮಿಷದ ಕೆಲಸ. ಹತ್ತು ಸಮ ಸಂಖ್ಯೆಯಾದ್ದರಿಂದ ಪ್ರತಿ ಮೊಳೆಗೂ ಎದುರಿಗೆ ಒಂದು ಜೋಡಿ ಮೊಳೆ ಸಿಗುತ್ತದೆ: 0ಗೆ 5, 1ಕ್ಕೆ 6, 2ಕ್ಕೆ 7. ಒಂಬತ್ತು ಮೊಳೆಯ ಹಲಗೆಯಾಗಿದ್ದರೆ ಕಾಕಾನ ಉಪಾಯ ನಡೆಯುತ್ತಿರಲಿಲ್ಲ. ಅಂದರೆ ಸಮ ಸಂಖ್ಯೆಯ ಮೊದಲ ಪಾಠ ನನಗೇ ಆಯಿತು, ಮಕ್ಕಳಿಗೆ ಇನ್ನೂ ಶುರುವೇ ಆಗಿರಲಿಲ್ಲ.

ಮೊಳೆಯದು ಇನ್ನೊಂದು ಕಥೆ. ಮೊದಲು ಒಂದೂವರೆ ಇಂಚಿನ ಮೊಳೆ ಹೊಡೆದೆ. ಗಟ್ಟಿಯಾಗಲಿ ಅಂತ ಒಂದೇಟು ಜಾಸ್ತಿ ಬಿತ್ತು, ಚೂಪು ತುದಿ ಹಿಂದಿನಿಂದ ಹೊರಗೆ ಬಂತು. ಹಲಗೆಯನ್ನು ಮಕ್ಕಳು ತೊಡೆ ಮೇಲೆ ಇಟ್ಟುಕೊಳ್ಳುತ್ತಾರೆ, ಅದು ಬೇಡವೇ ಬೇಡ. ಎಲ್ಲ ಕಿತ್ತು ಒಂದಿಂಚಿನ ಮೊಳೆ ತಂದೆ. ಹತ್ತು ಮಿಲಿಮೀಟರ್ ಒಳಗೆ, ಉಳಿದ ಹದಿನೈದು ಮೇಲೆ. ತಲೆ ಸ್ವಲ್ಪ ಹೊರಕ್ಕೆ ವಾಲುವ ಹಾಗೆ ಹೊಡೆಯಬೇಕು, ಇಲ್ಲದಿದ್ದರೆ ದಾರ ಎಳೆದಾಗ ಜಾರಿ ಮೇಲೆ ಬರುತ್ತದೆ. ಪ್ರತಿ ಮೊಳೆಗೂ ಸೈಕಲ್ಲಿನ ವಾಲ್ವ್ ಟ್ಯೂಬಿನ ಸಣ್ಣ ತುಂಡು ತೊಡಿಸಿದೆ. ಕೈಗೆ ಚುಚ್ಚಬಾರದು ಅಂತ ಮಾಡಿದ್ದು, ಆಮೇಲೆ ಅದರಿಂದ ಇನ್ನೊಂದು ಉಪಕಾರವೂ ಆಯಿತು. ಮೊಳೆ, ಟ್ಯೂಬು, ಬಣ್ಣದ ಸಣ್ಣ ಡಬ್ಬಿ ಸೇರಿ ನನ್ನ ಖರ್ಚು ನೂರು ರೂಪಾಯಿ ದಾಟಲಿಲ್ಲ.

ನಂಬರು ಬರೆಯುವಾಗ ಎರಡು ತಪ್ಪು ಮಾಡಿದೆ. 0 ಬದಲು 10 ಅಂತ ಬರೆದಿದ್ದೆ. "20 ಎಲ್ಲಿಗೆ ಹೋಗಬೇಕ್ರಿ?" ಅಂತ ಮೊದಲ ದಿನವೇ ಕೇಳಿದರು, 10ರಲ್ಲಿನ 1 ಅಳಿಸಿದೆ. ಎರಡನೆಯದು ಸ್ವಲ್ಪ ತಮಾಷೆ. ನಲಿ-ಕಲಿ ಪದ್ಧತಿಯಲ್ಲಿ ಒಂದರಿಂದ ಮೂರನೇ ತರಗತಿಯವರು ಒಟ್ಟಿಗೆ, ನೆಲದ ಮೇಲೆ ಗುಂಪು ಕೂರುತ್ತಾರೆ. ಹಲಗೆಯ ನಾಲ್ಕೂ ಕಡೆ ಮಕ್ಕಳು. ಈ ಕಡೆಯವನಿಗೆ 6 ಕಾಣುವುದು ಆ ಕಡೆಯವಳಿಗೆ 9. ಎರಡು ದಿನ ಇದೇ ಜಗಳ. ಎರಡಕ್ಕೂ ಕೆಳಗೆ ಗೆರೆ ಎಳೆದ ಮೇಲೆ ನಿಂತಿತು.

ದಾರ ಕೊಟ್ಟದ್ದು ಒಬ್ಬ ಹುಡುಗನ ಅಜ್ಜಿ. ಇಳಕಲ್ ಸೀರೆಯ ಮೈಗೆ ಒಂದು ಹಾಸು (ಮಗ್ಗದ ಉದ್ದದ ಎಳೆಗಳು), ಸೆರಗಿಗೆ ಬೇರೆ ಹಾಸು, ಎರಡನ್ನೂ ಎಳೆ ಎಳೆಯಾಗಿ ಸಿಕ್ಕಿಸಿ ಸೇರಿಸುತ್ತಾರೆ. ಅದಕ್ಕೇ ಕೊಂಡಿ ಅನ್ನುವುದು. ಅಂಥ ಕೆಲಸದಲ್ಲಿ ತುಂಡು ದಾರ ಉಳಿಯುತ್ತದೆ. ಅಜ್ಜಿ ಒಂದು ಚೀಲ ತುಂಬ ಕಳಿಸಿದ್ದರು, ಹತ್ತಿಯದು ಒಂದಿಷ್ಟು, ಕೆಂಪು ಚಮಕಾ, ಅಂದರೆ ಕೃತಕ ರೇಷ್ಮೆ, ಒಂದಿಷ್ಟು. ಮಕ್ಕಳಿಗೆ ಚಮಕಾನೇ ಬೇಕು, ಮಿಂಚುತ್ತದಲ್ಲ. ಆದರೆ ಅದು ಬಲು ಜಾರು, ಬರೀ ಮೊಳೆಗೆ ಗಂಟು ಹಾಕಿದರೆ ಬಿಚ್ಚಿ ಬರುತ್ತದೆ. ವಾಲ್ವ್ ಟ್ಯೂಬಿನ ರಬ್ಬರ್ ಅದನ್ನು ಗಟ್ಟಿ ಹಿಡಿಯಿತು. ಇದೇ ನಾನು ಹೇಳಿದ ಉಪಕಾರ.

ಮೊದಲ ದಿನ ಎರಡರ ಮಗ್ಗಿ. ಎಲ್ಲ ಗುಂಪಿಗೂ ಒಂದೊಂದು ಮೀಟರ್ ದಾರ ಕತ್ತರಿಸಿ ಕೊಟ್ಟೆ. 0ಗೆ ಗಂಟು. ಎರಡೊಂದ್ಲಿ ಎರಡು, 2ರ ಮೊಳೆ. ನಾಲ್ಕು, ಆರು, ಎಂಟು. ಹತ್ತು ಅಂದಾಗ ದಾರ ಮತ್ತೆ 0ಗೆ ಬಂತು. ಐದು ಮೂಲೆಯ ಚಿತ್ರ. ಅಲ್ಲಿಗೆ ನಿಲ್ಲಿಸಲು ನಾನು ಹೇಳಿರಲಿಲ್ಲ. ಎರಡಾರ್ಲಿ ಹನ್ನೆರಡು ಅಂತ ಮುಂದುವರಿದರು. ದಾರ ಹಳೆಯ ಗೆರೆಯ ಮೇಲೆಯೇ ಬೀಳತೊಡಗಿತು.

"ಮತ್ತ ಅಲ್ಲೇ ಹೊಂಟೈತ್ರಿ ಅಕ್ಕೋರ. ಐದಕ್ಕ ಮುಗೀತೇನು?"

ಉತ್ತರ ಹೇಳಲು ನಾಲಿಗೆ ತುದಿಗೆ ಬಂದಿತ್ತು. ಕಚ್ಚಿ ಹಿಡಿದೆ. ನಾಲ್ಕರದು ಹಾಕಿ ನೋಡಿ ಅಂದೆ.

ನಾಲ್ಕರ ಮಗ್ಗಿಗೆ ಮೂರು ಗೆರೆ ಆಗುತ್ತಲೇ "ದಾರ ಸಾಲವಲ್ದ್ರಿ" ಅಂತ ಎಲ್ಲ ಗುಂಪಿನಿಂದಲೂ ಕೂಗು. ತಪ್ಪು ನನ್ನದೇ. ಎರಡು ಮೊಳೆ ದಾಟುವ ಗೆರೆ ನಮ್ಮ ಹಲಗೆಯಲ್ಲಿ ಹದಿನೇಳೂವರೆ ಸೆಂಟಿಮೀಟರಿನ ಆಸುಪಾಸು, ಐದಕ್ಕೆ 88. ಒಂದು ಮೀಟರ್ ಸಾಕು. ನಾಲ್ಕು ಮೊಳೆ ದಾಟುವ ಗೆರೆ ಇಪ್ಪತ್ತೆಂಟೂವರೆ, ಐದಕ್ಕೆ ಹೆಚ್ಚುಕಡಿಮೆ 143. ಗಂಟಿಗೂ ಸೇರಿಸಿ 1.6 ಮೀಟರ್ ಕೊಡಬೇಕು. ಹೊಸ ದಾರ ಕತ್ತರಿಸಿದೆ. ನಾಲ್ಕು, ಎಂಟು, ಹನ್ನೆರಡರ 2, ಹದಿನಾರರ 6, ಇಪ್ಪತ್ತರ 0. ಕೊನೆಯ ಗೆರೆ ಎಳೆದಾಗ ಐದು ಮೂಲೆಯ ನಕ್ಷತ್ರ! ನನಗೆ ಮೊದಲೇ ಗೊತ್ತಿತ್ತು, ಆದರೂ ಕೆಂಪು ದಾರದಲ್ಲಿ ಕಂಡಾಗ ಒಂದು ಕ್ಷಣ ನಾನೂ ಸುಮ್ಮನಾದೆ.

ಇದರ ಮೇಲೆ ಇನ್ನೊಂದು ಮಾತು ಬಂತು, ಮಗ್ಗಿ ಇನ್ನೂ ಗೊತ್ತಿಲ್ಲದ ಒಂದನೇ ತರಗತಿಯ ಹುಡುಗನಿಂದ. ಅವನು ಚಿತ್ರವನ್ನೇ ನೋಡುತ್ತಾ ಕೂತಿದ್ದ. "ಒಂದು, ಮೂರು, ಐದು, ಏಳು, ಒಂಬತ್ತು, ಇವಕ್ಕ ದಾರಾನ ಇಲ್ಲ" ಅಂದ.

ಇಡೀ ಹಲಗೆ ಮಾಡಿದ್ದು ಈ ಮಾತಿಗೇ. ಬೆಸದ ಮೊಳೆ ಒಂದನ್ನೂ ಮುಟ್ಟದೆ ದಾರ ಯಾಕೆ ಹೋಗುತ್ತದೆ? ಪುಸ್ತಕದ ರೀತಿ 'ಸಮ ಸಂಖ್ಯೆಯನ್ನು ಯಾವುದರಿಂದ ಗುಣಿಸಿದರೂ ಸಮ' ಅಂತ ಹೇಳಿಬಿಡಬಹುದು. ಅದನ್ನೂ ಅವರು ಮಗ್ಗಿಯ ಹಾಗೆ ಬಾಯಿಪಾಠ ಮಾಡುತ್ತಾರೆ. ಹಾಗಾಗಿ ಬಾಗಿಲ ಹೊರಗೆ ಕರೆದುಕೊಂಡು ಹೋದೆ, ಚಪ್ಪಲಿ ಬಿಟ್ಟ ಜಾಗಕ್ಕೆ. ಒಬ್ಬರು ಬಂದರೆ ಎರಡು ಚಪ್ಪಲಿ. ಮೂವರು ಬಂದರೆ? ಏಳು ಜನ ಬಂದರೆ? ಎಷ್ಟೇ ಜನ ಬರಲಿ, ಜೋಡಿಗೆ ಜೋಡಿಯೇ ಸೇರುತ್ತದೆ, ಒಂಟಿ ಚಪ್ಪಲಿ ಉಳಿಯುವುದಿಲ್ಲ. ಅವತ್ತು ಒಬ್ಬನ ಚಪ್ಪಲಿಯ ಬಾರು ಕಿತ್ತು ಅದನ್ನು ಚೀಲದಲ್ಲಿ ಇಟ್ಟುಕೊಂಡಿದ್ದ, ಹಾಗಾಗಿ ನನ್ನ ಲೆಕ್ಕಕ್ಕೆ ಒಂದು ಕಡಿಮೆ ಬಂತು. ಕ್ಲಾಸಿನ ಖುಷಿ ಕೇಳಬೇಡಿ.

ನಾಲ್ಕು ಅಂದರೆ ಎರಡು ಜೋಡಿ, ಆರು ಅಂದರೆ ಮೂರು ಜೋಡಿ, ಎಂಟು ಅಂದರೆ ನಾಲ್ಕು ಜೋಡಿ. ಅವುಗಳನ್ನು ಎಷ್ಟು ಸಲ ಕೂಡಿಸಿದರೂ ಜೋಡಿಗಳೇ. ಇಷ್ಟು ಎಲ್ಲರಿಗೂ ಆಯಿತು. ಆದರೆ ಒಬ್ಬಳು ಬಿಡಲಿಲ್ಲ: ಏಳ್ನಾಕ್ಲಿ ಇಪ್ಪತ್ತೆಂಟು, ಅಲ್ಲಿ ಏಳು ಬೆಸ ಅಲ್ವಾ? ಏಳರಲ್ಲಿ ಒಂಟಿ ಇದೆಯಲ್ಲ, ಅದು ಎಲ್ಲಿ ಹೋಯಿತು? ಒಳ್ಳೆಯ ಪ್ರಶ್ನೆ. ಹುಣಸೆ ಬೀಜ ತಂದೆ. ಏಳೇಳು ಬೀಜದ ನಾಲ್ಕು ಗುಂಪು. ಪ್ರತಿ ಗುಂಪಿನಲ್ಲಿ ಮೂರು ಜೋಡಿ ಮಾಡಿ, ಉಳಿದ ಒಂಟಿಯನ್ನು ಪಕ್ಕಕ್ಕಿಡಿ ಅಂದೆ. ಪಕ್ಕದಲ್ಲಿ ನಾಲ್ಕು ಒಂಟಿ. ಅವಳು ಅವನ್ನೂ ಎರಡೆರಡಾಗಿ ಕೂಡಿಸಿದಳು. "ಒಂಟಿ ಒಂಟಿ ಕೂಡಿ ಜೋಡಿ ಆದವ್ರಿ." ಮೂರು ಗುಂಪಿದ್ದರೆ? ಮೂರು ಒಂಟಿ, ಒಂದು ಉಳಿಯುತ್ತದೆ, 21 ಬೆಸ. ಬೆಸದಿಂದ ಬೆಸವನ್ನು ಗುಣಿಸಿದಾಗ ಮಾತ್ರ ಒಂಟಿ ಉಳಿಯುತ್ತದೆ ಅನ್ನುವುದನ್ನು ಅವರೇ ಬೀಜದಲ್ಲಿ ಮಾಡಿ ನೋಡಿದರು. ಮುಷ್ಟಿಯಲ್ಲಿ ಬೀಜ ಹಿಡಿದು ಸರಿಯೋ ಬೆಸವೋ ಅಂತ ಆಡುವ ಆಟ ಗೊತ್ತಿದ್ದ ಮಕ್ಕಳಿಗೆ ಇದು ಬೇಗ ಹತ್ತಿತು.

ಐದಕ್ಕೆ ಯಾಕೆ ಮುಗಿಯುತ್ತದೆ ಅನ್ನುವುದಕ್ಕೆ ಉತ್ತರ ಚಿಕ್ಕದು. ಎರಡೈದ್ಲಿ 10, ನಾಲ್ಕೈದ್ಲಿ 20, ಆರೈದ್ಲಿ 30, ಎಂಟೈದ್ಲಿ 40. ಐದು ಜೋಡಿ ಅಂದರೆ ಪೂರ್ತಿ ಹತ್ತು. ಹಾಗಾಗಿ ಯಾವ ಸಮ ಸಂಖ್ಯೆಯಾದರೂ ಐದನೇ ಸಲಕ್ಕೆ ಬಿಡಿ ಸ್ಥಾನ ಸೊನ್ನೆ ಆಗಲೇಬೇಕು. ಆರನೇ ಸಲ ಮತ್ತೆ ಮೊದಲಿನಿಂದ. ಇದನ್ನು ಬೋರ್ಡಿನ ಮೇಲೆ ಬರೆದು ಬಿಟ್ಟೆ, ಜಾಸ್ತಿ ಮಾತಾಡಲಿಲ್ಲ.

ಆರರ ಮಗ್ಗಿ ಹಾಕಿದ ಗುಂಪು ನಾಲ್ಕರ ಗುಂಪಿನ ಮೇಲೆ ಕಾಪಿ ಮಾಡಿದ ದೂರು ಹೊರಿಸಿತು. ಎರಡೂ ಹಲಗೆ ಪಕ್ಕಪಕ್ಕ ಇಟ್ಟರೆ ಒಂದೇ ನಕ್ಷತ್ರ. (ಮೊದಲ ದಿನಕ್ಕೇ ಇನ್ನೆರಡು ಹಲಗೆ ಮಾಡಿದ್ದೆ, ಕಾಕಾನ ಐದು ಗೆರೆಯ ದಯೆ.) ಮೊಳೆಯಿಂದ ಮೊಳೆಗೆ ಬೆರಳಿಟ್ಟು ನಡೆಸಿದಾಗ ಗೊತ್ತಾಯಿತು. ನಾಲ್ಕರದು 4, 8, 2, 6, 0 ಅಂತ ಹೋಗುತ್ತದೆ. ಆರರದು 6, 2, 8, 4, 0. ದಾರಿ ಒಂದೇ, ಹೋಗುವ ದಿಕ್ಕು ಉಲ್ಟಾ. ಎರಡು ಮತ್ತು ಎಂಟಕ್ಕೂ ಹಾಗೇ, ಎರಡಕ್ಕೂ ಐದು ಮೂಲೆಯ ಚಿತ್ರ. ಹತ್ತು ಮೊಳೆಯ ಸುತ್ತಿನಲ್ಲಿ ಎಂಟು ಮೊಳೆ ಮುಂದೆ ಹೋದರೂ ಒಂದೇ, ಎರಡು ಮೊಳೆ ಹಿಂದೆ ಬಂದರೂ ಒಂದೇ. ಎರಡೂ ಕೂಡಿದರೆ ಹತ್ತು. ಅಂಗಳದಲ್ಲಿ ಸುಣ್ಣದಲ್ಲಿ ದೊಡ್ಡ ವೃತ್ತ ಬರೆದು ಹತ್ತು ಮಕ್ಕಳನ್ನು ನಿಲ್ಲಿಸಿ, ಒಬ್ಬನನ್ನು ಎಂಟೆಂಟು ಹೆಜ್ಜೆ ಮುಂದೆ, ಇನ್ನೊಬ್ಬನನ್ನು ಎರಡೆರಡು ಹೆಜ್ಜೆ ಹಿಂದೆ ನಡೆಸಿದೆ. ಪ್ರತಿ ಸಲವೂ ಇಬ್ಬರೂ ಒಬ್ಬಳ ಮುಂದೆಯೇ ಬಂದು ನಿಂತು ಡಿಕ್ಕಿ ಹೊಡೆದರು. ಎಂಟು ಹೆಜ್ಜೆಯವನು ಸುಸ್ತಾದ.

ಆರರ ಮಗ್ಗಿಯಲ್ಲಿ ಇನ್ನೊಂದು ಚಂದ ಇದೆ, ಅದಕ್ಕೆ ಹಲಗೆ ಬೇಡ. ಆರೆರಡ್ಲಿ 12, ಆರ್ನಾಕ್ಲಿ 24, ಆರಾರ್ಲಿ 36, ಆರೆಂಟ್ಲಿ 48. ಬಿಡಿ ಸ್ಥಾನದಲ್ಲಿ ಗುಣಿಸಿದ ಸಮ ಸಂಖ್ಯೆಯೇ ಕೂತಿರುತ್ತದೆ, ಹತ್ತರ ಸ್ಥಾನದಲ್ಲಿ ಅದರ ಅರ್ಧ. ಇದು ಮಾಯೆಯಲ್ಲ. ಆರು ಸಲ ಎಂಟು ಅಂದರೆ ಐದು ಸಲ ಎಂಟು, ಮೇಲೊಂದು ಎಂಟು. ಐದೆಂಟ್ಲಿ ನಲವತ್ತು, ಅದಕ್ಕೆ ಎಂಟು ಸೇರಿಸಿದರೆ 48. ಈಗ "ಎಂಟಾರ್ಲಿ ಎಷ್ಟು?" ಅಂದರೆ ಹೆಚ್ಚಿನವರು ಎಂಟೊಂದ್ಲಿಯಿಂದ ಹೊರಡುವುದಿಲ್ಲ. ಎಲ್ಲರೂ ಅಂತ ಹೇಳಲಾರೆ. ಇಬ್ಬರು ಇನ್ನೂ ಬೆರಳು ಎಣಿಸುತ್ತಾರೆ, ಎಣಿಸಲಿ.

ಹೋಲಿಕೆಗೆ ಮೂರರ ಮಗ್ಗಿ ಒಂದು ಸಲ ಹಾಕಿಸಿದೆ. ಅದು ಹತ್ತೂ ಮೊಳೆ ಸುತ್ತಿ ಬಂದ ಮೇಲೆಯೇ 0ಗೆ ಮರಳುತ್ತದೆ. ಎರಡೂವರೆ ಮೀಟರ್ ದಾರ ನುಂಗಿತು. ಐದರದು 0ಗೂ 5ಕ್ಕೂ ನಡುವೆ ಒಂದೇ ಗೆರೆ, ಹಗ್ಗ ಜಗ್ಗಾಟದ ಹಾಗೆ. ಹನ್ನೆರಡರ ಮಗ್ಗಿ ಬಾರದ ಒಬ್ಬ ಅದನ್ನೇ ಹಾಕುತ್ತೇನೆ ಅಂದ. ಎರಡರ ಚಿತ್ರವೇ ಬಂತು. ಬಿಡಿ ಸ್ಥಾನ ಮಾತ್ರ ನೋಡಿದರೆ ಹನ್ನೆರಡೂ ಎರಡೇ, ಹದಿನಾಲ್ಕೂ ನಾಲ್ಕೇ. ಹತ್ತರ ಮಗ್ಗಿ ಹಾಕಲು ಹೋದವಳ ದಾರ 0 ಬಿಟ್ಟು ಕದಲಲೇ ಇಲ್ಲ.

ದಾರ ವಾಪಸ್ ಕೊಡಲು ಹೋದಾಗ ಅಜ್ಜಿಗೆ ಫೋನಿನಲ್ಲಿ ಚಿತ್ರ ತೋರಿಸಿದೆ. ಒಂದು ಬಿಟ್ಟು ಒಂದು ಮೊಳೆಗೆ ದಾರ ಇರುವುದನ್ನು ನೋಡಿ, "ಮಗ್ಗದಾಗೂ ಇಷ್ಟ ಐತ್ರಿ ಅಕ್ಕೋರ. ಒಂದು ಬಿಟ್ಟು ಒಂದು ಎಳಿ ಮ್ಯಾಲ ಹೋಗ್ತೈತಿ, ನಡುವ ಲಾಳಿ ಓಡ್ತೈತಿ. ಮುಂದಿನ ಸರ್ತಿ ಕೆಳಗಿದ್ದೂ ಮ್ಯಾಲ" ಅಂದರು. ಮಗ್ಗದ ಕೆಳಗಿನ ಕುಣಿಯಲ್ಲಿ ಕಾಲು ಇಳಿಬಿಟ್ಟು ಒಂದು ಸಲ ತುಳಿದು ತೋರಿಸಿದರು. ಸಮದ ಎಳೆಗಳೆಲ್ಲ ಒಟ್ಟಿಗೆ ಎದ್ದವು, ಬೆಸದವು ಕೆಳಗೇ ಉಳಿದವು. ದಾರ ವಾಪಸ್ ತೆಗೆದುಕೊಳ್ಳಲಿಲ್ಲ.

ಅದೇ ನೆನಪಿನಲ್ಲಿ ಚೌಕುಳಿ ಹಾಳೆಯಲ್ಲಿ 1ರಿಂದ 100, ಸಾಲಿಗೆ ಹತ್ತರಂತೆ ಬರೆಸಿ ಬಣ್ಣ ಹಾಕಿಸಿದೆ. ಎರಡರ ಮಗ್ಗಿಗೆ ನೆಟ್ಟಗೆ ಪಟ್ಟೆ ಬರುತ್ತದೆ. ನಾಲ್ಕರದು ಒಂದು ಸಾಲಿಗೆ 4, 8ರ ಮನೆ, ಮುಂದಿನ ಸಾಲಿಗೆ 2, 6, 0ಯ ಮನೆ, ಗೋಡೆಯ ಇಟ್ಟಿಗೆಯ ಹಾಗೆ. ಎಂಟರದು 8, 16, 24, 32 ಅಂತ ಓರೆಯಾಗಿ ಇಳಿಯುತ್ತದೆ. ಇದು ಸುಲಭದ ಕೆಲಸ, ಯಾರು ಬೇಕಾದರೂ ಮಾಡಿಸಬಹುದು.

ಈಗ ಎರಡು ತಿಂಗಳು. ಮೊದಲ ಹಲಗೆ ರಿಪೇರಿಗೆ ಬಂದಿದೆ. ಮೊಳೆಗಳು ಅಲುಗಾಡುತ್ತಿವೆ, 0ಯದು ಕೈಗೇ ಬಂತು. ಎಲ್ಲ ಮಗ್ಗಿಯ ಗಂಟೂ ಅದಕ್ಕೇ ತಾನೆ ಬೀಳುವುದು. ತೂತಿಗೆ ಫೆವಿಕಾಲ್ ಹಚ್ಚಿದ ಬೆಂಕಿಕಡ್ಡಿ ತುರುಕಿ, ಒಂದು ರಾತ್ರಿ ಒಣಗಿಸಿ, ಅದರ ಮೇಲೆ ಮೊಳೆ ಹೊಡೆದರೆ ಗಟ್ಟಿ ಕೂರುತ್ತದೆ. ಟ್ಯೂಬುಗಳೂ ಹರಿದಿದ್ದವು. ಸೈಕಲ್ ಅಂಗಡಿಗೆ ಹೊರಟ ಹುಡುಗನಿಗೆ ಹತ್ತು ತುಂಡಿಗೆ ಸಾಲುವಷ್ಟು ತಾ ಅಂದೆ. ಆ ಒಂದನೇ ತರಗತಿಯವನು ಹಲಗೆಯ ಮೇಲೆ ಬಗ್ಗಿ ಒಂದೊಂದಾಗಿ ಮುಟ್ಟಿ ನೋಡುತ್ತಿದ್ದ.

"ಐದು ಸಾಕಲೇ. ಬೆಸದ್ದು ಒಂದೂ ಹರದಿಲ್ಲ."